ಅಕ್ಕನಿಗೆ ಒಗ್ಗಿದ್ದು ತಮ್ಮನಿಗೆ ಒಗ್ಗಲಿಲ್ಲ: ಪಾಂಡವಪುರ ತಾಲ್ಲೂಕಿನ ಒಂದು ಪ್ರಕರಣ

ಶಾಲೆಗೆ ಕಳುಹಿಸದೆ, ಮನೆಯಲ್ಲೂ ಪಾಠಕ್ಕೆಂದು ಕೂರಿಸದೆ, ಮಕ್ಕಳನ್ನು ಅವರ ಪಾಡಿಗೆ ಬಿಟ್ಟು ಬೆಳೆಸಲು ಹೊರಟ ಒಂದು ಕುಟುಂಬದ ಪ್ರಕರಣವಿದು. ಒಂದೇ ಮನೆ, ಅದೇ ಅಪ್ಪ ಅಮ್ಮ, ಅದೇ ಪದ್ಧತಿ. ಮಗಳು ಅದರಲ್ಲಿ ಅರಳಿದಳು, ಮಗ ಒಂಬತ್ತು ವರ್ಷವಾದರೂ ಓದಲು ಕಲಿಯಲಿಲ್ಲ. ಮನೆಯವರ ಒಪ್ಪಿಗೆ ಪಡೆದು ಬರೆಯುತ್ತಿದ್ದೇನೆ. ಊರಿನ ಹೆಸರನ್ನೂ ಮಕ್ಕಳ ಹೆಸರನ್ನೂ ಬಿಟ್ಟಿದ್ದೇನೆ. ಮಕ್ಕಳಿಬ್ಬರನ್ನು ಅಕ್ಕ, ತಮ್ಮ ಎಂದೇ ಕರೆಯುತ್ತೇನೆ.

ನಾನು ಹಲವು ವರ್ಷ ಕ್ಲಸ್ಟರ್ ಸಂಪನ್ಮೂಲ ವ್ಯಕ್ತಿಯಾಗಿ, ಅಂದರೆ ಸುತ್ತಲಿನ ಶಾಲೆಗಳ ಶಿಕ್ಷಕರಿಗೆ ನೆರವಾಗುವವಳಾಗಿ, ಸರ್ಕಾರಿ ಶಾಲೆಗಳಲ್ಲಿ ಕಾರ್ಡು ಮತ್ತು ಚಟುವಟಿಕೆಗಳ ಮೂಲಕ ಕಲಿಸುವ ನಲಿ-ಕಲಿ ತರಗತಿಗಳಲ್ಲಿ ಓಡಾಡಿದವಳು. ಈ ಮನೆಯ ಅಜ್ಜಿಗೆ ನನ್ನ ಪರಿಚಯವಿದ್ದುದರಿಂದ ಅವರೇ ಕರೆಸಿಕೊಂಡರು. ಅಲ್ಲಿಂದ ಮುಂದೆ ನಡೆದದ್ದಕ್ಕೆ ನಾನು ಸಾಕ್ಷಿ. ಅದಕ್ಕೂ ಹಿಂದಿನದು ಮನೆಯವರು ಹೇಳಿದ್ದು ಮತ್ತು ಅಮ್ಮ ಬರೆದಿಟ್ಟ ದಿನಚರಿಯಲ್ಲಿ ಇದ್ದದ್ದು.

ಊರಿಗೆ ಬಂದದ್ದು

2020ರ ಮಾರ್ಚ್‌ವರೆಗೆ ಈ ಕುಟುಂಬ ಮೈಸೂರಿನ ಕುವೆಂಪುನಗರದ ಬಾಡಿಗೆ ಮನೆಯಲ್ಲಿತ್ತು. ಅಪ್ಪನಿಗೆ ಸಾಫ್ಟ್‌ವೇರ್ ಕೆಲಸ. ಅಮ್ಮ ಕಾಲೇಜೊಂದರಲ್ಲಿ ಗ್ರಂಥಪಾಲಕಿ. ಅಕ್ಕ ಮೂರನೇ ತರಗತಿ, ತಮ್ಮ ಯುಕೆಜಿ. ಲಾಕ್‌ಡೌನ್ ಬಂತು, ಅಪ್ಪನ ಕೆಲಸ ಮನೆಗೆ ಬಂತು, ಎಲ್ಲರೂ ಪಾಂಡವಪುರ ತಾಲ್ಲೂಕಿನ ಊರಿಗೆ ಹೊರಟರು. ಅಲ್ಲಿ ಅಜ್ಜ ಅಜ್ಜಿ ಇದ್ದರು, ನಾಲೆ ನೀರಿನ ಗದ್ದೆ ಮತ್ತು ಕಬ್ಬು ಇತ್ತು. ಮಕ್ಕಳ ಶಾಲೆ ಮೊಬೈಲ್‌ಗೆ ಇಳಿಯಿತು. ತಮ್ಮ ಒಂದನೇ ತರಗತಿಯನ್ನು ಕಂಡದ್ದು ಐದು ಇಂಚಿನ ಪರದೆಯ ಮೇಲೆ. ಅಮ್ಮನ ದಿನಚರಿಯಲ್ಲಿ ಆ ದಿನಗಳ ಬಗ್ಗೆ ಹೀಗಿದೆ: "ಟೀಚರ್ ಕರೆದಾಗ ಇವನು ಮಂಚದ ಕೆಳಗೆ ಹೋಗುತ್ತಾನೆ. ನಾನು ಅವನ ಪರವಾಗಿ ಉತ್ತರ ಹೇಳುತ್ತೇನೆ."

ರಾಜ್ಯದಲ್ಲಿ ಒಂದರಿಂದ ಐದನೇ ತರಗತಿಗಳು ಮತ್ತೆ ತೆರೆದದ್ದು 2021ರ ಅಕ್ಟೋಬರ್ 25ರಂದು. ಅಷ್ಟರಲ್ಲಿ ಅಪ್ಪನ ಮನಸ್ಸು ಬೇರೆ ಕಡೆ ಹೊರಳಿತ್ತು. ಅಮೆರಿಕದ ಶಿಕ್ಷಕ ಜಾನ್ ಹೋಲ್ಟ್ ಅವರ ವಿಚಾರಗಳನ್ನು ಅವರು ಓದಿಕೊಂಡಿದ್ದರು. ಮಗುವಿಗೆ ಕಲಿಯುವ ಆಸೆ ಹುಟ್ಟಿನಿಂದಲೇ ಇರುತ್ತದೆ, ಹೆದರಿಕೆಯೂ ಬಲವಂತವೂ ಆ ಆಸೆಯನ್ನು ಕೊಲ್ಲುತ್ತವೆ ಎಂದು ಹೋಲ್ಟ್ ವಾದಿಸಿದರು. ಶಾಲೆಗಳನ್ನು ಸುಧಾರಿಸಬಹುದೆಂಬ ಆಸೆಯನ್ನು ಕ್ರಮೇಣ ಬಿಟ್ಟು, 1977ರಿಂದ ಮಕ್ಕಳನ್ನು ಶಾಲೆಯಿಲ್ಲದೆ ಬೆಳೆಸುವವರಿಗಾಗಿ ಒಂದು ಪತ್ರಿಕೆಯನ್ನೇ ನಡೆಸಿದರು. ಪಾಠಕ್ಕೆ ಹೋಗುವುದೂ ಬಿಡುವುದೂ ಮಗುವಿನ ಇಷ್ಟವೆಂದು 1921ರಲ್ಲೇ ಶಾಲೆ ಕಟ್ಟಿದ ಎ.ಎಸ್. ನೀಲ್ ಅವರ ಬಗ್ಗೆಯೂ ಅಪ್ಪ ಓದಿದ್ದರು. ಮೈಸೂರಿನ ಶಾಲೆಯಲ್ಲಿ ಅಕ್ಕ ತಿಂಗಳ ಪರೀಕ್ಷೆಯ ಹಿಂದಿನ ರಾತ್ರಿ ವಾಂತಿ ಮಾಡಿಕೊಳ್ಳುತ್ತಿದ್ದಳು. ಆ ಮಗುವನ್ನು ಕಂಡ ತಂದೆಗೆ ಈ ಮಾತುಗಳು ನಾಟಿದ್ದರಲ್ಲಿ ಆಶ್ಚರ್ಯವಿಲ್ಲ. ಅವರ ನಿರ್ಧಾರವನ್ನು ಹುಚ್ಚಾಟ ಎಂದವರು ಊರಿನಲ್ಲಿ ಬಹಳ ಜನ. ನಾನು ಹಾಗೆ ಹೇಳಲಾರೆ.

ಕಾನೂನಿನ ಮಾತು ಇಲ್ಲೇ ಹೇಳಿ ಮುಗಿಸುತ್ತೇನೆ. 2010ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ ಶಿಕ್ಷಣ ಹಕ್ಕು ಕಾಯ್ದೆ ಆರರಿಂದ ಹದಿನಾಲ್ಕು ವರ್ಷದ ಮಕ್ಕಳನ್ನು ಶಾಲೆಗೆ ಸೇರಿಸುವುದು ಪೋಷಕರ ಕರ್ತವ್ಯ ಎನ್ನುತ್ತದೆ. ಸೇರಿಸದಿದ್ದರೆ ಪೋಷಕರಿಗೆ ಇಂಥ ಶಿಕ್ಷೆ ಎಂದು ಅದರಲ್ಲಿಲ್ಲ. ಮನೆಯಲ್ಲೇ ಕಲಿಸುವವರಿಗೆ ಪ್ರತ್ಯೇಕ ಅವಕಾಶವನ್ನೂ ಅದು ಬರೆದಿಟ್ಟಿಲ್ಲ. ಊರಿನ ಸರ್ಕಾರಿ ಶಾಲೆಯ ಮುಖ್ಯ ಶಿಕ್ಷಕರು ಶಾಲೆಯಿಂದ ಹೊರಗುಳಿದ ಮಕ್ಕಳ ಸಮೀಕ್ಷೆಗೆ ಈ ಮನೆಗೂ ಬಂದರು. ಅಜ್ಜ ಸಕ್ಕರೆ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾದವರು, ಮಗನನ್ನು ಎಂಜಿನಿಯರ್ ಮಾಡಿದವರು. ಕೂಲಿಗೆ ಹೋಗುವವರ ಮಕ್ಕಳ ಹೆಸರಿನ ಜೊತೆ ತಮ್ಮ ಮೊಮ್ಮಕ್ಕಳ ಹೆಸರೂ ಆ ಪಟ್ಟಿಗೆ ಸೇರಿದ್ದು ಅವರಿಗೆ ಸಹಿಸಲಾಗಲಿಲ್ಲ. ಮೂರು ದಿನ ಮಗನ ಜೊತೆ ಮಾತು ಬಿಟ್ಟರು.

ಅಜ್ಜನ ಸಂಕಟದಲ್ಲಿ ಒಂದು ಸತ್ಯವಿತ್ತು. ಅದೇ ಊರಿನಲ್ಲಿ ಕಬ್ಬು ಕಡಿಯುವವರ ಮಗ ಹಗಲು ಹೊತ್ತು ಗದ್ದೆ ಬದುವಿನಲ್ಲಿ ತಿರುಗಿದರೆ ಅವನು ಶಾಲೆ ಬಿಟ್ಟ ಹುಡುಗ. ಈ ಮನೆಯ ಮಕ್ಕಳು ತಿರುಗಿದರೆ ಅದು ಹೊಸ ಶಿಕ್ಷಣ ಪದ್ಧತಿ. ಹೀಗೆ ಬಿಟ್ಟು ಬೆಳೆಸುವ ಧೈರ್ಯಕ್ಕೆ ಜಮೀನು, ಲ್ಯಾಪ್‌ಟಾಪ್ ಮತ್ತು ಓದಿದ ಅಪ್ಪ ಅಮ್ಮ ಆಸರೆಯಾಗಿರುತ್ತಾರೆ. ಈ ದಾರಿ ಹಿಡಿಯಬೇಕೆಂದು ಕೇಳಿಕೊಂಡು ಬರುವ ಮೈಸೂರಿನ ಪೋಷಕರಿಗೆ ನಾನು ಇದನ್ನು ಮೊದಲು ಹೇಳುತ್ತೇನೆ.

ಮನೆ ನಡೆದ ಬಗೆ

ಕೇಳದೆ ಕಲಿಸುವುದಿಲ್ಲ, ಕೇಳಿದರೆ ಎಲ್ಲ ಕೆಲಸ ಬಿಟ್ಟು ಹೇಳಿಕೊಡುತ್ತೇವೆ. ಈ ಮನೆಯ ಮುಖ್ಯ ನಿಯಮ ಇದು. ಏಳುವ ಹೊತ್ತು, ತಿನ್ನುವ ಹೊತ್ತು, ಆಡುವುದು, ಸುಮ್ಮನಿರುವುದು ಎಲ್ಲವೂ ಮಕ್ಕಳ ಇಷ್ಟ. ಬಯ್ಯುವುದಿಲ್ಲ, ಬಹುಮಾನವೂ ಇಲ್ಲ.

ಆದರೆ ಎಲ್ಲವನ್ನೂ ಸಡಿಲ ಬಿಟ್ಟಿರಲಿಲ್ಲ. ಮನೆಯಿಂದ ಸ್ವಲ್ಪ ದೂರದಲ್ಲೇ ವಿಶ್ವೇಶ್ವರಯ್ಯ ನಾಲೆ ಹರಿಯುತ್ತದೆ. 2018ರ ನವೆಂಬರ್ 24ರಂದು ಇದೇ ತಾಲ್ಲೂಕಿನ ಕನಗನಮರಡಿಯಲ್ಲಿ ಬಸ್ಸೊಂದು ನಾಲೆಗೆ ಉರುಳಿ ಶಾಲಾ ಮಕ್ಕಳೂ ಸೇರಿ 30 ಜನ ಸತ್ತರು. ಆ ಶನಿವಾರವನ್ನು ಇಲ್ಲಿನ ಯಾರೂ ಮರೆತಿಲ್ಲ. ನಾಲೆಯ ಏರಿಗೆ ದೊಡ್ಡವರಿಲ್ಲದೆ ಹೋಗುವಂತಿಲ್ಲ, ಅದರಲ್ಲಿ ಚರ್ಚೆಯಿಲ್ಲ. ಆಲೆಮನೆಯಲ್ಲಿ ಕುದಿಯುವ ಕೊಪ್ಪರಿಗೆಯ ಬಳಿ ಹೋಗುವಂತಿಲ್ಲ. ಮಕ್ಕಳು ಇವನ್ನು ಎಂದೂ ಮುರಿಯಲಿಲ್ಲ. ಜೀವಕ್ಕೆ ಅಪಾಯವಿರುವ ಕಡೆ ಖಡಾಖಂಡಿತವಾಗಿರಲು ಈ ತಂದೆ ತಾಯಿಗೆ ಚೆನ್ನಾಗಿಯೇ ಗೊತ್ತಿತ್ತು. ಅಕ್ಷರವನ್ನು ಅವರು ಆ ಪಟ್ಟಿಗೆ ಸೇರಿಸಿರಲಿಲ್ಲ, ಅಷ್ಟೆ.

ಇನ್ನೊಂದು ಸಂಗತಿ ದಿನಚರಿಯಿಂದ ಎದ್ದು ಕಾಣುತ್ತದೆ. ಅಪ್ಪ ಬೆಳಿಗ್ಗೆ ಒಂಬತ್ತಕ್ಕೆ ಕೋಣೆಯ ಬಾಗಿಲು ಹಾಕಿಕೊಂಡರೆ ಹೊರಬರುತ್ತಿದ್ದದ್ದು ಸಂಜೆ. ಕೇಳಿದಾಗ ಕಲಿಸುವ ನಿಯಮದ ಭಾರವೆಲ್ಲ ಅಮ್ಮನ ಮೇಲೆ. ಕಾಲೇಜಿನ ಕೆಲಸವನ್ನು ಆಕೆ ಬಿಟ್ಟಾಗಿತ್ತು. ಜೇನುಗೂಡಿನ ಕಣ್ಣು ಆರು ಮೂಲೆಯದೇ ಏಕೆ, ಸೀಮೆಸುಣ್ಣಕ್ಕೂ ಗೋಡೆಗೆ ಬಳಿಯುವ ಸುಣ್ಣಕ್ಕೂ ಏನು ವ್ಯತ್ಯಾಸ, ಒಲೆ ಮುಂದೆ ನಿಂತಾಗಲೇ ಇಂಥ ಪ್ರಶ್ನೆಗಳು ಬರುತ್ತಿದ್ದವು. ಪುಸ್ತಕ ತರಿಸುವುದು, ಜನರನ್ನು ಪರಿಚಯ ಮಾಡಿಸುವುದು, ಬೇಸಿಗೆಯಲ್ಲಿ ರಂಗಾಯಣದ ಚಿನ್ನರ ಮೇಳಕ್ಕೆ ಮೈಸೂರಿನ ನೆಂಟರ ಮನೆಯಲ್ಲಿ ಇರಿಸುವುದು, ಎಲ್ಲವನ್ನೂ ಆಕೆಯೇ ಮಾಡಿದರು. ಅಪ್ಪ ತಮ್ಮ ಸ್ನೇಹಿತರಿಗೆ "ನಾವು ಏನೂ ಮಾಡುವುದಿಲ್ಲ, ಮಕ್ಕಳೇ ಕಲಿಯುತ್ತಾರೆ" ಎಂದು ಹೇಳುತ್ತಿದ್ದರಂತೆ. ಆ ಮಾತು ಕೇಳಿದಾಗಲೆಲ್ಲ ತನಗೆ ಗಂಟಲು ಕಟ್ಟುತ್ತಿತ್ತು ಎಂದು ಅಮ್ಮ ನನ್ನ ಬಳಿ ಹೇಳಿದರು. ನನಗೂ ಆ ಮಾತು ಒಪ್ಪಿಗೆಯಿಲ್ಲ. ಯಾರೂ ಏನೂ ಮಾಡದೆ ಕಲಿತ ಮಗುವನ್ನು ನಾನು ಕಂಡಿಲ್ಲ.

ಆಲೆಮನೆಯ ಲೆಕ್ಕ

ಅಕ್ಕನ ವಿಷಯ ಸಂತೋಷದ್ದು. ಮೊದಲ ಏಳೆಂಟು ತಿಂಗಳು ಅವಳು ಪುಸ್ತಕ ಮುಟ್ಟಲಿಲ್ಲ. ಆಮೇಲೆ ಕೈಗೆ ಸಿಕ್ಕಿದ್ದನ್ನೆಲ್ಲ ಓದಿದಳು. ಹನ್ನೊಂದನೇ ವಯಸ್ಸಿಗೆ ಅವಳ ಗಮನ ದೊಡ್ಡಪ್ಪನ ಆಲೆಮನೆಯ ಕಡೆ ಹರಿಯಿತು.

ಒಂದು ಟನ್ ಕಬ್ಬಿಗೆ ಸುಮಾರು ನೂರು ಕಿಲೋ ಬೆಲ್ಲ ಬರುತ್ತದೆ ಎಂಬುದು ಅಲ್ಲಿನ ರೂಢಿಯ ಲೆಕ್ಕ. ಕೆಲವು ದಿನ ಅಷ್ಟು ಬರುತ್ತಿರಲಿಲ್ಲ. ದೊಡ್ಡಪ್ಪ ಗಾಣ ಸರಿಯಿಲ್ಲವೆಂದು ರೇಗುತ್ತಿದ್ದರು. ಅಕ್ಕ ಒಂದು ನೋಟ್‌ಬುಕ್ ಹಿಡಿದು ಕೂತಳು. ಎಷ್ಟು ಟನ್ ಕಬ್ಬು ಬಂತು, ಯಾರ ಗದ್ದೆಯದು, ಕಡಿದು ಎಷ್ಟು ದಿನವಾಗಿತ್ತು, ಎಷ್ಟು ಅಚ್ಚು ಬೆಲ್ಲ ಇಳಿಯಿತು, ಎಲ್ಲಕ್ಕೂ ಅಂಕಣ ಎಳೆದಳು. ಕಡಿದ ದಿನವೇ ಅರೆದ ಕಬ್ಬಿಗೂ ಮೂರು ದಿನ ಬಿಸಿಲಿನಲ್ಲಿ ಬಿದ್ದ ಕಬ್ಬಿಗೂ ಇಳುವರಿಯಲ್ಲಿ ಅಂತರವಿರುವುದು ಅವಳ ಅಂಕಣಗಳಿಂದ ಕಂಡಿತು. ಶೇಕಡಾ ಲೆಕ್ಕ, ಸರಾಸರಿ, ರೇಖಾಚಿತ್ರ ಮೂರನ್ನೂ ಅವಳು ಕಲಿತದ್ದು ಆ ಒಂದು ಋತುವಿನಲ್ಲಿ. ಸರಾಸರಿ ಎಂದರೇನು ಎಂದು ಅವಳೇ ಅಮ್ಮನನ್ನು ಕೇಳಿದ್ದಳು, ಬೇಕಾಗಿದ್ದರಿಂದ ಕೇಳಿದ್ದಳು. ಕಡಿದ ಕಬ್ಬು ಒಣಗಿದಂತೆ ಅದರ ಸಕ್ಕರೆಯ ಅಂಶ ಇಳಿಯುವುದು ಕಾರ್ಖಾನೆಯಲ್ಲಿದ್ದ ಅಜ್ಜನಿಗೆ ಗೊತ್ತಿದ್ದ ವಿಷಯವೇ. ಮೊಮ್ಮಗಳು ಅದನ್ನು ತಾನೇ ಕಂಡುಕೊಂಡಳೆಂದು ತಿಳಿದ ದಿನ ಅಜ್ಜ ಆ ನೋಟ್‌ಬುಕ್ಕನ್ನು ತಮ್ಮ ಹಳೆಯ ಸಹೋದ್ಯೋಗಿಗಳಿಗೆ ತೋರಿಸಿಕೊಂಡು ಬಂದರು. ಆ ಪುಟಗಳನ್ನು ನಾನೂ ನೋಡಿದ್ದೇನೆ. ಏಳನೇ ತರಗತಿಯ ಯಾವ ಪರೀಕ್ಷೆಯೂ ಒಂದು ಮಗುವಿನ ತಿಳಿವಳಿಕೆಯನ್ನು ಅಷ್ಟು ಸ್ಪಷ್ಟವಾಗಿ ತೋರಿಸಲಾರದು.

ಈ ಗೆಲುವು ಅಪ್ಪ ಅಮ್ಮನ ನಂಬಿಕೆಯನ್ನು ಗಟ್ಟಿ ಮಾಡಿತು. ತಮ್ಮನ ಸರದಿಯೂ ಬರುತ್ತದೆ ಎಂದು ಕಾದರು.

ಜೀರಿಗೆ

ತಮ್ಮನಿಗೆ ಓದು ಬರುವುದಿಲ್ಲ ಎಂದು ಕಂಡುಹಿಡಿದವರು ಅಜ್ಜಿ. ಅವರಿಗೆ ಪತ್ರಿಕೆ ಓದುವಷ್ಟು ಅಕ್ಷರ ಗೊತ್ತು. ಹುಡುಗನನ್ನು ದಿನಸಿಗೆ ಕಳುಹಿಸುವಾಗ ಚೀಟಿ ಬರೆದು, ಒಮ್ಮೆ ಗಟ್ಟಿಯಾಗಿ ಓದಿ ಕೈಗೆ ಕೊಡುತ್ತಿದ್ದರು. ಅವನು ಎಂದೂ ಒಂದು ಸಾಮಾನು ಮರೆತವನಲ್ಲ, ಚಿಲ್ಲರೆಯಲ್ಲಿ ಒಂದು ರೂಪಾಯಿ ತಪ್ಪಿದವನಲ್ಲ. ಆದರೆ ಚೀಟಿ ಯಾವಾಗಲೂ ಹೊಸ ನೋಟಿನ ಹಾಗೆ ಮಡಿಕೆ ಬಿಚ್ಚದೆ ವಾಪಸು ಬರುತ್ತಿತ್ತು. ಅಜ್ಜಿಗೆ ಅನುಮಾನ ಬಂತು. ಒಂದು ದಿನ ಉದ್ದಿನಬೇಳೆ, ಹುಣಸೆಹಣ್ಣು, ಕೊಬ್ಬರಿ ಎಂದು ಓದಿ ಹೇಳಿದರು. ಚೀಟಿಯಲ್ಲಿ ಕೊನೆಗೆ ಜೀರಿಗೆ ಎಂದು ಬರೆದದ್ದನ್ನು ಮಾತ್ರ ಓದಲಿಲ್ಲ. ಹುಡುಗ ಮೂರು ಸಾಮಾನು ತಂದ. ಜೀರಿಗೆ ಬರಲಿಲ್ಲ.

ಅಜ್ಜಿ ಯಾರ ಮುಂದೆಯೂ ಅವನನ್ನು ಕೇಳಲಿಲ್ಲ. ರಾತ್ರಿ ಪಕ್ಕದಲ್ಲಿ ಮಲಗಿಸಿಕೊಂಡು, "ಚೀಟಿಯನ್ನು ಶೆಟ್ಟರ ಕೈಗೆ ಯಾಕೆ ಕೊಡುವುದಿಲ್ಲ ಪುಟ್ಟ?" ಎಂದರು.

"ಕೊಟ್ಟರೆ, ನೀನೇ ಓದು ಅನ್ನುತ್ತಾರೆ ಅಜ್ಜಿ."

ಒಂಬತ್ತು ವರ್ಷದ ಮಗು ಓದು ಬಾರದ್ದನ್ನು ಮುಚ್ಚಿಡಲು ಎಷ್ಟು ಬುದ್ಧಿ ಖರ್ಚು ಮಾಡುತ್ತಿತ್ತು ಎಂದು ನೆನೆದರೆ ನನಗೆ ಈಗಲೂ ಸಂಕಟವಾಗುತ್ತದೆ. ಕಥೆ ಪುಸ್ತಕವನ್ನು ಅವನು ಅಕ್ಕನಿಂದಲೇ ಓದಿಸಿಕೊಳ್ಳುತ್ತಿದ್ದ, ಅವಳ ದನಿ ಚೆನ್ನ ಎಂಬ ನೆಪ. ಮೈಸೂರಿನ ಬಸ್ ನಿಲ್ದಾಣದಲ್ಲಿ ಊರ ಬಸ್ಸನ್ನು ಬೋರ್ಡಿನ ಮೊದಲ ಅಕ್ಷರದಿಂದ ಗುರುತಿಸುತ್ತಿದ್ದ. ನನ್ನ ಮುಂದೆಯೇ ಒಮ್ಮೆ ಪಿರಿಯಾಪಟ್ಟಣದ ಬಸ್ಸನ್ನು ಪಾಂಡವಪುರದ್ದೆಂದು ತೋರಿಸಿದ. ಎರಡಕ್ಕೂ ಮೊದಲು ಕಾಣುವುದು ಪಕಾರವೇ. ಗುಡಿಸು, ದೀರ್ಘ, ಒತ್ತು ಯಾವುದೂ ಅವನ ಕಣ್ಣಿಗೆ ಅರ್ಥ ಕೊಡುತ್ತಿರಲಿಲ್ಲ.

ಅಜ್ಜಿ ವಿಷಯ ಎತ್ತಿದಾಗ ಅಪ್ಪ, "ಕೆಲವು ಮಕ್ಕಳು ಹತ್ತು ವರ್ಷಕ್ಕೆ ಓದಲು ಶುರು ಮಾಡುತ್ತಾರೆ ಅಮ್ಮ. ಅವನು ಕೇಳಿಲ್ಲ, ಕೇಳಿದಾಗ ಕಲಿಸೋಣ" ಎಂದರು. ಅದಕ್ಕೆ ಅಜ್ಜಿ, "ಅವನು ದಿನಾ ಸಂಜೆ ಶಾಲೆ ಮಕ್ಕಳು ಬರುವ ದಾರಿಯಲ್ಲಿ ನಿಂತಿರುತ್ತಾನೆ. ಇನ್ನು ಹೇಗೆ ಕೇಳಬೇಕಪ್ಪ?" ಎಂದರು.

ಎಲ್ಲಿ ತಪ್ಪಿತು

ಅಪ್ಪ ಹೇಳಿದ್ದು ಸುಳ್ಳಲ್ಲ. ಬಲವಂತವಿಲ್ಲದೆ ಬೆಳೆದ ಕೆಲವು ಮಕ್ಕಳು ತಡವಾಗಿ, ತಾವಾಗಿಯೇ ಓದಲು ಕಲಿತದ್ದನ್ನು ಇಂಗ್ಲಿಷ್ ನಾಡುಗಳ ಪೋಷಕರು ಬರೆದಿದ್ದಾರೆ. ಆದರೆ ಅವರ ಮಕ್ಕಳು ಕಂಡದ್ದು ಇಪ್ಪತ್ತಾರು ಅಕ್ಷರ. ನಮ್ಮ ವರ್ಣಮಾಲೆಯಲ್ಲಿ 49, ಕಾಗುಣಿತವೂ ಒತ್ತಕ್ಷರವೂ ಸೇರಿದರೆ ಕಣ್ಣು ಗುರುತಿಸಬೇಕಾದ ರೂಪಗಳು ನೂರಾರು. ಕನ್ನಡದ ಮಕ್ಕಳ ಓದಿನ ಬಗ್ಗೆ ಸೊನಾಲಿ ನಾಗ್ ಅವರು 2007ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಶಾಲೆಗೆ ಹೋಗುವ ಮಕ್ಕಳಿಗೂ ಅಕ್ಷರಗಳ ಹಿಡಿತ ಸಿಗಲು ನಾಲ್ಕನೇ ತರಗತಿಯವರೆಗೆ ಬೇಕಾಗುತ್ತದೆ ಎಂದು ಕಂಡುಬಂತು. ದಿನಾ ಅಕ್ಷರದ ಜೊತೆ ಏಗುವ ಮಕ್ಕಳ ಗತಿ ಇದು. ಬೋರ್ಡು, ಬಿಸ್ಕತ್ತಿನ ಪೊಟ್ಟಣ, ಪತ್ರಿಕೆಯ ತಲೆಬರಹ ನೋಡುತ್ತಲೇ ಮಗು ಕನ್ನಡ ಓದಲು ಕಲಿತೀತು ಎಂದು ಕಾಯುವುದು ನನ್ನ ಅನುಭವದಲ್ಲಿ ಸರಿಯಲ್ಲ. ಯಾರಾದರೂ ಜೊತೆಯಲ್ಲಿ ಕೂರಲೇಬೇಕು.

ಅಕ್ಕ ಮತ್ತು ತಮ್ಮನ ಹೋಲಿಕೆಯಲ್ಲೇ ದೊಡ್ಡ ಎಡವಟ್ಟಿತ್ತು. ಅಕ್ಕ ಶಾಲೆ ಬಿಟ್ಟಾಗ ಅವಳಿಗೆ ಎರಡು ಭಾಷೆಯಲ್ಲಿ ಓದು ಬರುತ್ತಿತ್ತು, ಮಗ್ಗಿ ಬರುತ್ತಿತ್ತು. ಮೂರು ವರ್ಷ ಯಾವುದೋ ಶಿಕ್ಷಕಿ, ಎಷ್ಟೇ ಒತ್ತಡದ ಶಾಲೆಯಾಗಿರಲಿ, ಅವಳ ಬೆರಳು ಹಿಡಿದು ತಿದ್ದಿಸಿದ್ದರು. ಆ ಬುನಾದಿಯ ಮೇಲೆ ಸಿಕ್ಕ ಸ್ವಾತಂತ್ರ್ಯ ಅವಳನ್ನು ಆಲೆಮನೆಯ ಲೆಕ್ಕದವರೆಗೆ ಕರೆದೊಯ್ಯಿತು. ತಮ್ಮನಿಗೆ ಸ್ವಾತಂತ್ರ್ಯ ಸಿಕ್ಕಿತು, ಬುನಾದಿ ಸಿಗಲಿಲ್ಲ. ಮನೆಯಲ್ಲಿ ಇದನ್ನು ಯಾರೂ ಗಮನಿಸಿರಲಿಲ್ಲ, ಏಕೆಂದರೆ ಅಕ್ಕನ ಯಶಸ್ಸಿನಲ್ಲಿ ಶಾಲೆಯ ಪಾಲಿದೆ ಎಂದು ಒಪ್ಪುವುದು ಅಲ್ಲಿ ಯಾರಿಗೂ ಬೇಕಿರಲಿಲ್ಲ.

ಅಮೆರಿಕದ ಮನೋವಿಜ್ಞಾನಿ ಡಯಾನಾ ಬಾಮ್‌ರಿಂಡ್ 1960ರ ದಶಕದಲ್ಲಿ ಪೋಷಕರ ರೀತಿಗಳನ್ನು ವಿಂಗಡಿಸಿದಾಗ, ಬರೀ ಅಧಿಕಾರ ನಡೆಸುವವರನ್ನೂ ಬರೀ ಸಡಿಲ ಬಿಡುವವರನ್ನೂ ಬೇರೆ ಬೇರೆ ಇಟ್ಟು, ಅಕ್ಕರೆಯ ಜೊತೆಗೆ ಸ್ಪಷ್ಟ ನಿರೀಕ್ಷೆಯನ್ನೂ ಇಟ್ಟುಕೊಂಡವರ ಮಕ್ಕಳು ಹೆಚ್ಚು ಸ್ಥಿರವಾಗಿ ಬೆಳೆಯುತ್ತಾರೆ ಎಂದರು. 1983ರಲ್ಲಿ ಮ್ಯಾಕೋಬಿ ಮತ್ತು ಮಾರ್ಟಿನ್ ಅದಕ್ಕೆ ಇನ್ನೊಂದು ಬಗೆಯನ್ನು ಸೇರಿಸಿದರು: ನಿರೀಕ್ಷೆಯೂ ಇಲ್ಲದ, ಗಮನವೂ ಇಲ್ಲದ ಪಾಲನೆ. ಈ ಮನೆಯಲ್ಲಿ ಅಕ್ಕರೆಗೆ ಕೊರತೆಯಿರಲಿಲ್ಲ. ನಾಲೆಯ ವಿಷಯದಲ್ಲಿ ನಿರೀಕ್ಷೆ ಸ್ಪಷ್ಟವಿತ್ತು. ತಮ್ಮನ ಓದಿನ ವಿಷಯದಲ್ಲಿ ಮಾತ್ರ ಎರಡು ವರ್ಷ ಯಾರೂ ಇಣುಕಿ ನೋಡಿರಲಿಲ್ಲ. ನಂಬಿಕೆ ಇಡುವುದಕ್ಕೂ ನೋಡದೆ ಇರುವುದಕ್ಕೂ ನಡುವಿನ ಗೆರೆ ಆ ಎರಡು ವರ್ಷದಲ್ಲಿ ಅಳಿಸಿಹೋಯಿತು.

ಶಾಲೆಗೆ ಕಳುಹಿಸಿದ್ದರೆ ಹೀಗಾಗುತ್ತಲೇ ಇರಲಿಲ್ಲ ಎಂಬ ಅಜ್ಜನ ಮಾತನ್ನೂ ನಾನು ಪೂರ್ತಿ ಒಪ್ಪುವುದಿಲ್ಲ. ಮಕ್ಕಳ ಕಲಿಕೆಯ ಬಗ್ಗೆ ದೇಶದ ಗ್ರಾಮೀಣ ಭಾಗದಲ್ಲಿ ನಡೆಯುವ ಅಸರ್ ಸಮೀಕ್ಷೆಯ 2022ರ ವರದಿಯಂತೆ, ಐದನೇ ತರಗತಿಯಲ್ಲಿ ಎರಡನೇ ತರಗತಿಯ ಪಠ್ಯ ಓದಬಲ್ಲ ಮಕ್ಕಳು ಶೇ 42.8. ಶಾಲೆಯ ಹಿಂದಿನ ಬೆಂಚಿನಲ್ಲಿ ಕೂತೂ ಯಾರ ಕಣ್ಣಿಗೂ ಬೀಳದ ಮಕ್ಕಳು ಬಹಳ.

ಮಾನಸಗಂಗೋತ್ರಿಗೆ

ನಾನು ಹೇಳಿದ್ದು ಇಷ್ಟೇ: ಮೊದಲು ಕಣ್ಣು, ಆಮೇಲೆ ಕಿವಿ, ಆಮೇಲೆ ಕಲಿಕೆಯ ಪರೀಕ್ಷೆ. ಅಪ್ಪ ಒಪ್ಪಲು ಕೆಲವು ವಾರ ತೆಗೆದುಕೊಂಡರು. ಮಗನಿಗೆ ಒಂದು ಹಣೆಪಟ್ಟಿ ಅಂಟಿದರೆ ಅವನು ತನ್ನನ್ನು ತಾನೇ ಕಡಿಮೆ ಎಂದುಕೊಳ್ಳುತ್ತಾನೆ ಎಂಬ ಭಯ ಅವರದು. ಅದು ಪ್ರೀತಿಯಿಂದ ಹುಟ್ಟಿದ ಭಯ. ಆದರೆ ಹುಡುಗ ಆಗಲೇ ತನ್ನನ್ನು ದಡ್ಡ ಎಂದುಕೊಂಡಿದ್ದ, ಯಾರಿಗೂ ಹೇಳಿರಲಿಲ್ಲ.

2024ರ ಮೊದಲ ತಿಂಗಳುಗಳಲ್ಲಿ ಮೈಸೂರಿನ ಮಾನಸಗಂಗೋತ್ರಿಯಲ್ಲಿರುವ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ಪರೀಕ್ಷೆಗಳಾದವು. ನಮ್ಮ ಭಾಗದವರಿಗೆ ಇಂಥ ಸಂಸ್ಥೆ ಬಸ್ಸಿನ ದೂರದಲ್ಲಿ ಇರುವುದು ದೊಡ್ಡ ಅನುಕೂಲ, ಎಷ್ಟೋ ಪೋಷಕರಿಗೆ ಅದು ಗೊತ್ತೇ ಇಲ್ಲ. ಕಣ್ಣು ಕಿವಿ ಸರಿಯಿದ್ದವು. ಬುದ್ಧಿಮತ್ತೆ ವಯಸ್ಸಿಗಿಂತ ಮುಂದಿತ್ತು. ಓದು ಬರಹದಲ್ಲಿ ನಿರ್ದಿಷ್ಟ ಕಲಿಕಾ ನ್ಯೂನತೆ, ಅಂದರೆ ಬುದ್ಧಿ ಚುರುಕಾಗಿದ್ದೂ ಓದು ಬರಹ ಹಿಡಿಯಲು ಕಾಡುವ ತೊಡಕು, ಇತ್ತು. 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ 21 ಬಗೆಗಳಲ್ಲಿ ಇದೂ ಒಂದು. ಮುಂದೆ ಪರೀಕ್ಷೆ ಬರೆಯುವಾಗ ಹೆಚ್ಚಿನ ಸಮಯ, ಬರೆದುಕೊಡುವವರ ನೆರವು ಮೊದಲಾದವನ್ನು ಕೇಳಲು ಇದು ದಾರಿಯಾಗುತ್ತದೆ. ವರದಿಯನ್ನು ಅಮ್ಮ ಮಗನಿಗೆ ಅವನ ಭಾಷೆಯಲ್ಲಿ ವಿವರಿಸಿದರು. ಅವನು ಕೇಳಿದ್ದು ಒಂದೇ ಪ್ರಶ್ನೆ: "ಹಾಗಾದರೆ ಕಲಿಯಬಹುದಾ?"

ಕಲಿಕೆ ಶುರುವಾದದ್ದು ಅಡುಗೆಮನೆಯ ನೆಲದ ಮೇಲೆ, ದಿನಕ್ಕೆ ಇಪ್ಪತ್ತು ನಿಮಿಷ. ವಾರಕ್ಕೊಮ್ಮೆ ನಾನು ಹೋಗುತ್ತಿದ್ದೆ. ಸಂಸ್ಥೆಯವರು ತೋರಿಸಿಕೊಟ್ಟ ಧ್ವನಿ ಬಿಡಿಸುವ ಆಟಗಳ ಜೊತೆ ನಾನು ನಲಿ-ಕಲಿಯ ಅಕ್ಷರ ಕ್ರಮ ಹಿಡಿದೆ. ನಲಿ-ಕಲಿ ಹುಟ್ಟಿದ್ದು ನಮ್ಮ ಮೈಸೂರು ಜಿಲ್ಲೆಯ ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ, 1995ರಲ್ಲಿ. ಯುನಿಸೆಫ್ ನೆರವಿತ್ತು, ಆಂಧ್ರಪ್ರದೇಶದ ರಿಷಿ ವ್ಯಾಲಿಯ ಗ್ರಾಮೀಣ ಶಾಲೆಗಳಿಂದ ಸ್ಫೂರ್ತಿ ಬಂದಿತ್ತು, ಕಾರ್ಡುಗಳನ್ನು ಕೂತು ಮಾಡಿದವರು ಸಾಮಾನ್ಯ ಪ್ರಾಥಮಿಕ ಶಾಲಾ ಶಿಕ್ಷಕರು. ಅಲ್ಲಿ ಅ ಆ ಇ ಈ ಇಂದ ಶುರುವಿಲ್ಲ. ರ, ಗ, ಸ, ದ, ಅ ಮೊದಲು. ಈ ಐದು ಬಂದರೆ ಆ ವಾರವೇ ಸರ, ಗರಗಸ, ಅರಸ, ಅಗಸ ಎಂದು ನಿಜವಾದ ಪದಗಳನ್ನು ಓದಬಹುದು. ಗರಗಸ ಎಂದು ತಾನೇ ಓದಿದ ದಿನ ಹುಡುಗ ಎದ್ದು ಹೋಗಿ ಕೊಟ್ಟಿಗೆಯಿಂದ ಗರಗಸ ಹಿಡಿದುಕೊಂಡೇ ಬಂದ.

ಮುಂದೆ ಕಷ್ಟವಾಯಿತು. ಕ ಕಾ ಕಿ ಕೀ ಎಂದು ಸಾಲು ಹೇಳಿಸಿದರೆ ರಾಗವಾಗಿ ಬಾಯಿಪಾಠ ಒಪ್ಪಿಸುತ್ತಿದ್ದ, ಒಂದನ್ನೂ ಬೇರ್ಪಡಿಸಿ ಗುರುತಿಸುತ್ತಿರಲಿಲ್ಲ. ಸಾಲು ಬಿಟ್ಟು ಒಂದು ಚಿಹ್ನೆಗೆ ಒಂದು ವಾರವೆಂದು ಕಾ, ಗಾ, ಮಾ, ರಾ ಹಿಡಿದೆವು. ಎಲ್ಲಕ್ಕಿಂತ ಹೆಚ್ಚು ಕಾಡಿದ್ದು ಅರ್ಕಾವತ್ತು. ಕಿವಿಗೆ ರಕಾರ ಮೊದಲು ಕೇಳುತ್ತದೆ, ಕಾಗದದ ಮೇಲೆ ಅದರ ಗುರುತು ಆಮೇಲೆ ಬರುತ್ತದೆ. "ಸೂರ್ಯ" ಎಂಬ ಪದಕ್ಕೆ ಅವನು ಸಿಟ್ಟಾಗಿ ಪೆನ್ಸಿಲ್ ಮುರಿದಿದ್ದಾನೆ.

ಈಗ

2024ರ ಜೂನ್‌ನಲ್ಲಿ ಹುಡುಗ ಊರಿನ ಸರ್ಕಾರಿ ಶಾಲೆಗೆ ಸೇರಿದ. ನಿರ್ಧಾರ ಅವನದೇ, ಮುಖ್ಯ ಕಾರಣ ಕಬಡ್ಡಿ. ಶಿಕ್ಷಣ ಹಕ್ಕು ಕಾಯ್ದೆಯ ನಾಲ್ಕನೇ ಸೆಕ್ಷನ್‌ನಂತೆ ವಯಸ್ಸಿಗೆ ತಕ್ಕ ತರಗತಿಗೆ, ಅಂದರೆ ಐದನೇ ತರಗತಿಗೆ, ಸೇರಿಸಿಕೊಂಡರು. ಹೀಗೆ ಬಂದ ಮಗುವಿಗೆ ವಿಶೇಷ ತರಬೇತಿಯ ಹಕ್ಕಿದೆ. ನಲಿ-ಕಲಿ ಇರುವುದು ಮೂರನೇ ತರಗತಿಯವರೆಗೆ ಮಾತ್ರ. ಆದರೂ ಅಲ್ಲಿನ ಶಿಕ್ಷಕಿ ಪಕ್ಕದ ಕೋಣೆಯಿಂದ ಕಾರ್ಡುಗಳನ್ನು ತಂದು, ಉಳಿದ ಮಕ್ಕಳಿಗೆ ಕಾಣದಂತೆ ಅವನ ಪುಸ್ತಕದೊಳಗೆ ಇಟ್ಟುಕೊಡುತ್ತಿದ್ದರು. ಈಗ ಅವನು ಎರಡನೇ ತರಗತಿಯ ಪಾಠವನ್ನು ನಿಧಾನವಾಗಿ, ಬೆರಳಿಟ್ಟು ಓದುತ್ತಾನೆ. ಬಾಯಿಲೆಕ್ಕದಲ್ಲಿ ತರಗತಿಗೇ ಮುಂದು. ಬರವಣಿಗೆ ಇನ್ನೂ ಹಿಂದಿದೆ.

ಮನೆಯ ಸಡಿಲು ಪೂರ್ತಿ ಹೋಗಿಲ್ಲ. ಟ್ಯೂಷನ್ ಇಲ್ಲ, ಅಂಕದ ಮಾತಿಲ್ಲ, ಶಾಲೆ ಬಿಟ್ಟ ಮೇಲಿನ ಹೊತ್ತು ಮಕ್ಕಳದೇ. ಬದಲಾದದ್ದೆಂದರೆ, ತಿಂಗಳಿಗೊಮ್ಮೆ ಅಪ್ಪ ಅಮ್ಮ ಇಬ್ಬರೂ ಕೂತು ಪ್ರತಿ ಮಗುವಿನ ಬಗ್ಗೆ ಬರೆದಿಡುತ್ತಾರೆ: ಏನು ಓದಿತು, ಏನು ತಪ್ಪಿಸಿಕೊಳ್ಳುತ್ತಿದೆ, ಯಾರ ಜೊತೆ ಆಡುತ್ತಿದೆ. ಅಪ್ಪ ಮಧ್ಯಾಹ್ನ ಎರಡು ಗಂಟೆ ಕೆಲಸದಿಂದ ಬಿಡುವು ಮಾಡಿಕೊಂಡು ಮಕ್ಕಳ ಜೊತೆ ಇರುತ್ತಾರೆ, ಅಮ್ಮ ಆ ಹೊತ್ತಿನಲ್ಲಿ ಪಂಚಾಯಿತಿ ಗ್ರಂಥಾಲಯದಲ್ಲಿ ಕೆಲಸ ಮಾಡುತ್ತಾರೆ.

ಅಕ್ಕನಿಗೆ ಹದಿನಾಲ್ಕು ತುಂಬಿತು. ರಾಷ್ಟ್ರೀಯ ಮುಕ್ತ ಶಾಲಾ ಸಂಸ್ಥೆಯ ಸೆಕೆಂಡರಿ ಪರೀಕ್ಷೆಗೆ ನೋಂದಾಯಿಸಲು ಅದೇ ಕನಿಷ್ಠ ವಯಸ್ಸು. ಪ್ರಮಾಣಪತ್ರಕ್ಕೆ ಐದು ವಿಷಯ ಬೇಕು, ಮುಗಿಸಲು ಐದು ವರ್ಷದ ಅವಧಿಯಿದೆ, ಅದರೊಳಗೆ ಒಂಬತ್ತು ಅವಕಾಶ. ಗಣಿತ, ವಿಜ್ಞಾನ, ಕನ್ನಡ, ಇಂಗ್ಲಿಷ್ ಎಂದು ನಾಲ್ಕನ್ನು ಅವಳು ಆರಿಸಿಕೊಂಡಿದ್ದಾಳೆ. ಐದನೆಯದರ ಬಗ್ಗೆ ಅಜ್ಜನಿಗೂ ಅವಳಿಗೂ ಒಮ್ಮತವಾಗಿಲ್ಲ. ಅಜ್ಜ ಸಮಾಜ ವಿಜ್ಞಾನ ಎನ್ನುತ್ತಾರೆ, ಅವಳು ಚಿತ್ರಕಲೆ ಎನ್ನುತ್ತಾಳೆ, ಅರ್ಜಿಯಲ್ಲಿ ಆ ಜಾಗ ಇನ್ನೂ ಖಾಲಿಯಿದೆ.